ಎಲ್ಲಿ ನಿಂತು ನೋಡಿದೆ?



ನನ್ನ ತಂದೆ ತಾಲ್ಲೂಕು ಕೋರ್ಟಿನ ವಕೀಲರೊಬ್ಬರ ಬಳಿ ಗುಮಾಸ್ತರಾಗಿದ್ದರು. ಬೇಸಿಗೆ ರಜದಲ್ಲಿ ಅವರಿಗೆ ಊಟದ ಡಬ್ಬಿ ಕೊಡಲು ಹೋದವನು ಕೋರ್ಟ್ ಹಾಲಿನ ಹಿಂದಿನ ಬೆಂಚಿನಲ್ಲಿ ಕೂತುಬಿಡುತ್ತಿದ್ದೆ. ಪಾಟೀಸವಾಲಿನಲ್ಲಿ ವಕೀಲರು ಸಾಕ್ಷಿಗೆ ಹಾಕುತ್ತಿದ್ದ ಪ್ರಶ್ನೆಗಳು ನನಗೆ ಬಾಯಿಪಾಠವಾಗಿದ್ದವು. ನೀನು ಎಲ್ಲಿ ನಿಂತಿದ್ದೆ? ಎಷ್ಟು ಮಾರು ದೂರ? ನಡುವೆ ಏನಾದರೂ ಅಡ್ಡ ಇತ್ತೆ? ಬೆಳಕಿತ್ತೋ, ಕತ್ತಲಾಗಿತ್ತೋ? ಅವರು ನಿನ್ನನ್ನು ನೋಡಿದರೆ? ಅಷ್ಟು ಹೊತ್ತಿನಲ್ಲಿ ಅಲ್ಲಿ ನಿನಗೇನು ಕೆಲಸ?

ನಾನು ವಕೀಲನಾಗಲಿಲ್ಲ. ಸಾಕ್ಷ್ಯಚಿತ್ರ ತೆಗೆಯುವ ಒಂದು ಸಣ್ಣ ತಂಡಕ್ಕೆ ಟ್ರೈಪಾಡ್ ಹೊರುವ ಹುಡುಗನಾಗಿ ಸೇರಿ, ಕ್ಯಾಮೆರಾ ಸಹಾಯಕನಾಗಿ, ಕೊನೆಗೆ ಕೆಲವು ವರ್ಷ ಕ್ಯಾಮೆರಾಮನ್ನನೂ ಆಗಿ ದುಡಿದೆ. ಆ ಕೋರ್ಟಿನ ಪ್ರಶ್ನೆಗಳು ಅಲ್ಲಿಗೂ ನನ್ನ ಜೊತೆ ಬಂದವು. ನಮ್ಮ ಭಾಷೆಯಲ್ಲಿ ಈ ಬಗೆಯ ಸಿನಿಮಾಕ್ಕೆ ಸಾಕ್ಷ್ಯಚಿತ್ರ ಎಂಬ ಹೆಸರು ನಿಂತಿದೆ. ಯಾರು ಮೊದಲು ಹಾಗೆ ಕರೆದರೋ, ಅವರು ಈ ಕಸುಬಿನ ತಿರುಳನ್ನೇ ಹಿಡಿದಿದ್ದರು. ದಾಖಲೆ ಎಂದಿದ್ದರೆ ಅದು ಪೆಟ್ಟಿಗೆಯೊಳಗೆ ಇಡುವ ಕಾಗದವಾಗುತ್ತಿತ್ತು. ಸಾಕ್ಷಿಗೆ ಕಣ್ಣಿದೆ, ಕಾಲಿದೆ. ಅವನು ಎಲ್ಲೋ ಒಂದು ಕಡೆ ನಿಂತೇ ನೋಡಿರಬೇಕು. ಆ ನಿಂತ ಜಾಗಕ್ಕೆ ಅವನು ಜವಾಬು ಹೇಳಬೇಕು. ಇವತ್ತು ನಾನು ಮಾತಾಡಲು ಬಂದಿರುವುದು ಹಾಗೆ ನಿಂತು ನೋಡುವುದನ್ನೇ ಬದುಕು ಮಾಡಿಕೊಂಡವರ ಬಗ್ಗೆ, ಅದರಲ್ಲೂ ನಮ್ಮ ಬೆಂಗಳೂರಿನಲ್ಲಿ ದಶಕಗಳ ಕಾಲ ಬಾಳಿದ ನವ್ರೋಜ್ ಕಾಂಟ್ರ್ಯಾಕ್ಟರ್ ಅವರ ಬಗ್ಗೆ.

ಕಥಾಚಿತ್ರದ ಛಾಯಾಗ್ರಾಹಕರ ಹೆಸರು ನಮ್ಮ ಜನಕ್ಕೆ ಗೊತ್ತು. ವಿ. ಕೆ. ಮೂರ್ತಿಯವರು ಮೈಸೂರಿನವರೆಂದು ನಾವು ಹೆಮ್ಮೆಪಡುತ್ತೇವೆ. ಆ ಕೆಲಸದ ಕಷ್ಟ ದೊಡ್ಡದು, ನಿಜ. ಆದರೆ ಅಲ್ಲಿ ಬೆಳಕು ಕೈಯಲ್ಲಿರುತ್ತದೆ, ನಟ ಗುರುತು ಹಾಕಿದ ಜಾಗಕ್ಕೇ ಬಂದು ನಿಲ್ಲುತ್ತಾನೆ, ತಪ್ಪಿದರೆ ಇನ್ನೊಂದು ಟೇಕ್ ಇದೆ. ಸಾಕ್ಷ್ಯಚಿತ್ರದವನಿಗೆ ಇದು ಯಾವುದೂ ಇಲ್ಲ. ಗುಡಿಸಲು ಒಡೆಯುವ ಬುಲ್ಡೋಜರ್ ಒಂದೇ ಸಲ ಬರುತ್ತದೆ. ಹೆರಿಗೆ ಕೋಣೆಯಲ್ಲಿ ಮಗು ಒಂದೇ ಸಲ ಮೊದಲ ಉಸಿರು ತೆಗೆದುಕೊಳ್ಳುತ್ತದೆ. ಆ ಕ್ಷಣಕ್ಕೆ ಅವನು ಎಲ್ಲಿ ನಿಂತಿದ್ದನೋ ಅದೇ ಚಿತ್ರ. ನಮ್ಮ ಮೈಸೂರಿನ ಕೃಪಾಕರ ಮತ್ತು ಸೇನಾನಿಯವರು ಸೀಳುನಾಯಿಗಳ ಹಿಂದೆ ಕಾಡಿನಲ್ಲಿ ವರ್ಷಗಟ್ಟಲೆ ಕಾದದ್ದು ಅಂಥ ಕೆಲವು ಕ್ಷಣಗಳಿಗಾಗಿ.

ಒಂದಿಷ್ಟು ಯಂತ್ರದ ಮಾತು ಹೇಳಬೇಕು, ಇಲ್ಲದಿದ್ದರೆ ಮುಂದಿನದು ಅರ್ಥವಾಗುವುದಿಲ್ಲ. ನಮ್ಮಲ್ಲಿ 1948ರಲ್ಲಿ ಸರ್ಕಾರದ ಫಿಲ್ಮ್ಸ್ ಡಿವಿಷನ್ ಶುರುವಾದಾಗ ಕ್ಯಾಮೆರಾ ಭಾರದ ವಸ್ತು. ಮಾತನ್ನು ಚಿತ್ರದ ಜೊತೆಗೇ ಹಿಡಿಯಬೇಕಾದರೆ ಅದನ್ನು ಟ್ರೈಪಾಡಿನ ಮೇಲೆ ಕೂರಿಸಿ, ಎದುರಿನವರನ್ನೂ ಕೂರಿಸಬೇಕಾಗಿತ್ತು. ಹಾಗಾಗಿಯೇ ಥಿಯೇಟರಿನಲ್ಲಿ ಮುಖ್ಯ ಸಿನಿಮಾಕ್ಕೆ ಮೊದಲು ನಾವು ನೋಡುತ್ತಿದ್ದ ಸರ್ಕಾರಿ ಚಿತ್ರಗಳಲ್ಲಿ ಜನ ನಡೆಯುತ್ತಾರೆ, ಉಳುತ್ತಾರೆ, ನಗುತ್ತಾರೆ, ಮಾತಾಡುವುದು ಮಾತ್ರ ಹಿನ್ನೆಲೆಯ ದನಿಯೊಂದೇ. 1960ರ ಸುಮಾರಿಗೆ ಅಮೆರಿಕದಲ್ಲಿ ರಾಬರ್ಟ್ ಡ್ರೂ, ರಿಚರ್ಡ್ ಲೀಕಾಕ್, ಆಲ್ಬರ್ಟ್ ಮೇಸಲ್ಸ್ ಮುಂತಾದವರು ಹೆಗಲ ಮೇಲಿಟ್ಟು ನಡೆಯಬಹುದಾದ 16 ಮಿ.ಮೀ. ಕ್ಯಾಮೆರಾವನ್ನೂ ಹೊತ್ತೊಯ್ಯಬಹುದಾದ ಧ್ವನಿಮುದ್ರಣ ಯಂತ್ರವನ್ನೂ ಜೋಡಿಸಿಕೊಂಡರು. 1960ರ ‘ಪ್ರೈಮರಿ’ ಚಿತ್ರದಲ್ಲಿ ಮೇಸಲ್ಸ್ ಕ್ಯಾಮೆರಾವನ್ನು ತಲೆಗಿಂತ ಎತ್ತರಕ್ಕೆ ಹಿಡಿದು, ಜನರ ನೂಕುನುಗ್ಗಲಿನಲ್ಲಿ ಚುನಾವಣೆಗೆ ನಿಂತ ಕೆನಡಿಯ ಬೆನ್ನ ಹಿಂದೆಯೇ ಸಭಾಂಗಣದೊಳಕ್ಕೆ ನಡೆದುಹೋಗುತ್ತಾರೆ. ಕ್ಯಾಮೆರಾಮನ್ನನಿಗೆ ಕಾಲು ಬಂದದ್ದು ಆಗ.

ಕಾಲು ಬಂತು, ಆದರೆ ಹೊಟ್ಟೆ ಚಿಕ್ಕದು. 400 ಅಡಿಯ ಒಂದು ರೋಲು ಸುಮಾರು 11 ನಿಮಿಷಕ್ಕೆ ಮುಗಿಯುತ್ತಿತ್ತು. ಮುಗಿದ ಮೇಲೆ ಕಪ್ಪು ಚೀಲದೊಳಗೆ ಎರಡೂ ಕೈ ತೂರಿಸಿ, ಬೆರಳಿನಿಂದಲೇ ತಡವಿ ಹೊಸ ರೋಲು ಹಾಕಬೇಕು. ಎದುರಿನವರು ತಮ್ಮ ಬಾಳಿನ ಅತಿ ಮುಖ್ಯ ಮಾತನ್ನು ಆಡುತ್ತಿರುವುದು ಆಗಲೇ. ಎಷ್ಟೋ ಸಲ ಕೈ ಚೀಲದೊಳಗಿದ್ದಾಗ ನಾನು ಅಂಥ ಮಾತುಗಳನ್ನು ಕೇಳಿದ್ದೇನೆ. ಫಿಲ್ಮಿಗೆ ದುಡ್ಡು, ಲ್ಯಾಬಿಗೆ ದುಡ್ಡು. ಗುಂಡಿ ಒತ್ತುವ ಮೊದಲು ‘ಇದು ಬೇಕೆ?’ ಎಂದು ಮನಸ್ಸು ಒಮ್ಮೆ ಕೇಳಿಯೇ ಕೇಳುತ್ತಿತ್ತು.

ನವ್ರೋಜ್ ಕಾಂಟ್ರ್ಯಾಕ್ಟರ್ ಈ ಕಾಲದಲ್ಲಿ ಕೈ ಪಳಗಿಸಿಕೊಂಡವರು. ಅಹಮದಾಬಾದಿನ ಪಾರ್ಸಿ ಮನೆತನದವರು. ಬರೋಡಾದ ಲಲಿತಕಲಾ ವಿಭಾಗದಲ್ಲಿ ಕಲೆ ಕಲಿತು, ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಛಾಯಾಗ್ರಹಣ ಕಲಿತವರು. 1973ರಲ್ಲಿ ನಿರ್ದೇಶಕ ಮಣಿ ಕೌಲ್ ಅವರ ‘ದುವಿಧಾ’ಕ್ಕೆ ಕ್ಯಾಮೆರಾ ಹಿಡಿದರು. ವಿಜಯದಾನ ದೇಥಾ ಅವರ ಕಥೆ, ರಾಜಸ್ಥಾನದ ಹಳ್ಳಿ, ಚಿತ್ರಕಾರ ಅಕ್ಬರ್ ಪದಮ್‌ಸೀ ಅವರ ನೆರವಿನಿಂದ ಕಡಿಮೆ ಹಣದಲ್ಲಿ ಆದ ಚಿತ್ರ. ಬಿಳಿ ಗೋಡೆ, ಕೆಂಪು ಓಢಣಿ, ಸ್ತಬ್ಧವಾಗಿ ನಿಲ್ಲುವ ಮುಖಗಳು. ಬಣ್ಣವನ್ನು ಚಿತ್ರಕಲೆಯ ಕಣ್ಣಿನಿಂದ ನೋಡಿದವರ ಕೆಲಸವೆಂದು ಯಾರಿಗಾದರೂ ತಿಳಿಯುತ್ತದೆ. ಅಂಥ ಆರಂಭ ಸಿಕ್ಕವರು ಕಥಾಚಿತ್ರಗಳ ದಾರಿಯಲ್ಲೇ ಹೋಗಿ ಹೆಸರು, ಹಣ ಎರಡನ್ನೂ ಗಳಿಸಬಹುದಿತ್ತು. ಮುಂದೆಯೂ ಅವರು ಕೆಲವು ಕಥಾಚಿತ್ರಗಳನ್ನು ಮಾಡಿದರು. ಆದರೆ ಆಯಸ್ಸಿನ ಹೆಚ್ಚು ಪಾಲು ಕೊಟ್ಟದ್ದು ಸಾಕ್ಷ್ಯಚಿತ್ರಕ್ಕೆ.

1980ರಲ್ಲಿ ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್ ಮತ್ತು ನವ್ರೋಜ್ ಸೇರಿ ‘ಯುಗಾಂತರ’ ಎಂಬ ತಂಡ ಕಟ್ಟಿದರು. ಮೂವರು ಹೆಂಗಸರು, ಒಬ್ಬ ಗಂಡಸು, ಆ ಗಂಡಸಿನ ಹೆಗಲ ಮೇಲೆ ಕ್ಯಾಮೆರಾ. ನಾಲ್ಕು ಚಿತ್ರ ತೆಗೆದರು. ಪುಣೆಯ ಮನೆಗೆಲಸದ ಹೆಂಗಸರ ಬಗ್ಗೆ ‘ಮೋಲಕರೀಣ್’, ತೆಲುಗಿನಲ್ಲಿ ಮನೆಯೊಳಗಿನ ಹಿಂಸೆಯ ಬಗ್ಗೆ ‘ಇದಿ ಕಥಾ ಮಾತ್ರಮೇನಾ’, ಹಿಮಾಲಯದ ಚಿಪ್ಕೋ ಚಳವಳಿಯ ಹೆಣ್ಣುಮಗಳೊಬ್ಬಳ ಬಗ್ಗೆ ‘ಸುದೇಶಾ’. ಇವುಗಳ ನಡುವೆ 1982ರಲ್ಲಿ ಬಂದದ್ದು ‘ತಂಬಾಕು ಚಾಕೀಲಾ ಊಬ್ ಆಲಿ’. ಅದು ನಮ್ಮ ನಿಪ್ಪಾಣಿಯ ಚಿತ್ರ.

ಬೆಳಗಾವಿ ಜಿಲ್ಲೆಯ ನಿಪ್ಪಾಣಿ ಬೀಡಿ ತಂಬಾಕಿನ ಊರು. ಅಲ್ಲಿನ ವಖಾರಿಗಳಲ್ಲಿ ಒಣಗಿದ ಹೊಗೆಸೊಪ್ಪನ್ನು ಕುಟ್ಟುವುದು, ಜರಡಿ ಹಿಡಿಯುವುದು ಹೆಂಗಸರ ಕೆಲಸ. ಆ ದೂಳು ಮೂಗಿಗೆ, ಗಂಟಲಿಗೆ, ಕಣ್ಣಿಗೆ ಇಳಿಯುತ್ತದೆ. ಹೊರಗಿನವರು ಐದು ನಿಮಿಷ ನಿಂತರೆ ಕೆಮ್ಮು ತಡೆಯಲಾಗುವುದಿಲ್ಲ. 1981ರಲ್ಲಿ ಶರದ್ ಜೋಶಿಯವರ ನೇತೃತ್ವದಲ್ಲಿ ತಂಬಾಕು ಬೆಳೆದ ರೈತರು ನಡೆಸಿದ ಚಳವಳಿ ನಮ್ಮ ಹಿರಿಯರಿಗೆ ನೆನಪಿರುತ್ತದೆ, ಪತ್ರಿಕೆಗಳ ತುಂಬ ಅದೇ ಇತ್ತು. ತಂಬಾಕನ್ನು ಕುಟ್ಟುವ ಹೆಂಗಸರು ಅದೇ ಕಾಲಕ್ಕೆ ತಮ್ಮ ಸಂಘ ಕಟ್ಟಿಕೊಂಡು, ಕೂಲಿಗಾಗಿ, ಮರ್ಯಾದೆಗಾಗಿ ಮುಷ್ಕರ ಹೂಡಿದ್ದನ್ನು ನೆನೆಯುವವರು ಕಡಿಮೆ. ಯುಗಾಂತರದವರು ಕ್ಯಾಮೆರಾ ಇಟ್ಟದ್ದು ಈ ಹೆಂಗಸರ ನಡುವೆ.

ಇಟ್ಟದ್ದು ಎಂದೆ, ಆದರೆ ಅದು ಒಂದು ದಿನದಲ್ಲಿ ಆದದ್ದಲ್ಲ. ತಂಡದವರು ತಿಂಗಳುಗಟ್ಟಲೆ ಆ ಹೆಂಗಸರ ಜೊತೆ ಇದ್ದರು. ಅವರ ಮಾತು ಕೇಳಿದರು. ಚಿತ್ರದಲ್ಲಿ ಏನಿರಬೇಕು, ಯಾವುದು ಮೊದಲು, ಯಾವುದು ಆಮೇಲೆ ಎಂಬುದನ್ನು ಅವರೊಡನೆ ಕೂತೇ ಕಟ್ಟಿದರು. ಕ್ಯಾಮೆರಾ ಇಲ್ಲದಾಗ ನಡೆದುಹೋಗಿದ್ದ ಕೆಲವು ಘಟನೆಗಳನ್ನು ಆ ಹೆಂಗಸರೇ ಮತ್ತೆ ಆಡಿ ತೋರಿಸಿದರು. ವಖಾರಿಯ ಒಳಗಿನ ಕೆಲಸವನ್ನು ಹೊರಗಿನ ಕಣ್ಣು ಅದಕ್ಕೆ ಮೊದಲು ಹಾಗೆ ಕಂಡಿರಲಿಲ್ಲ. ನಾನು ಆ ಚಿತ್ರವನ್ನು ನೋಡಿದಾಗ ಕಸುಬಿನವನ ಕಣ್ಣಿನಿಂದಲೇ ನೋಡಿದೆ. ದೂಳು ತುಂಬಿದ, ಬೆಳಕು ಕಡಿಮೆಯಿರುವ ಕಟ್ಟಡದಲ್ಲಿ 16 ಮಿ.ಮೀ. ಫಿಲ್ಮಿನಿಂದ ಮುಖ ಹಿಡಿಯುವುದು ಎಷ್ಟು ಕಷ್ಟವೆಂದು ಮಾಡಿದವರಿಗೆ ಗೊತ್ತು. ಅದಕ್ಕಿಂತ ಕಷ್ಟ ಇನ್ನೊಂದಿದೆ. ಮಾಲೀಕನ ಭಯವಿರುವ ಹೆಂಗಸು ಕ್ಯಾಮೆರಾದ ಎದುರು ತನ್ನ ಮಾತನ್ನು ತಾನೇ ಆಡಬೇಕಾದರೆ, ಕ್ಯಾಮೆರಾದ ಹಿಂದಿರುವ ಗಂಡಸಿನ ಮೇಲೆ ಅವಳಿಗೆ ನಂಬಿಕೆ ಬಂದಿರಬೇಕು. ಆ ನಂಬಿಕೆಗೆ ಲೆನ್ಸ್ ಇಲ್ಲ, ಮೀಟರ್ ಇಲ್ಲ. ಪಾಟೀಸವಾಲಿನ ಪ್ರಶ್ನೆ ನೆನಪಿಸಿಕೊಳ್ಳಿ: ಅಲ್ಲಿ ನಿನಗೇನು ಕೆಲಸ? ನಿಪ್ಪಾಣಿಯ ಹೆಂಗಸರು ಆ ಪ್ರಶ್ನೆಯನ್ನು ಕೇಳಿ, ಉತ್ತರ ಒಪ್ಪಿಗೆಯಾದ ಮೇಲೆ ಒಳಗೆ ಬಿಟ್ಟಿದ್ದಾರೆ. ಚಿತ್ರದ ಉದ್ದಕ್ಕೂ ಅದು ಕಾಣುತ್ತದೆ.

ಮುಂದೆ ದೀಪಾ ಧನರಾಜ್ ಅವರ ನಿರ್ದೇಶನಕ್ಕೂ ನವ್ರೋಜ್ ಅವರ ಕ್ಯಾಮೆರಾಕ್ಕೂ ದೀರ್ಘ ಒಡನಾಟವಾಯಿತು. ಬಾಳಿನಲ್ಲೂ ಅವರು ಸಂಗಾತಿಗಳಾಗಿದ್ದರು. 1984ರ ಹೈದರಾಬಾದಿನ ಕೋಮುಗಲಭೆಯ ಬಗ್ಗೆ 1986ರಲ್ಲಿ ‘ಕ್ಯಾ ಹುವಾ ಇಸ್ ಶಹರ್ ಕೋ?’ ಬಂತು. ಮೆರವಣಿಗೆಯಲ್ಲಿ ಉನ್ಮಾದ ಏರುತ್ತಿರುವಾಗಲೂ, ಆಮೇಲೆ ಕರ್ಫ್ಯೂ ಹಾಕಿದ ಗಲ್ಲಿಯ ಮನೆಗಳಲ್ಲೂ ಆ ಕ್ಯಾಮೆರಾ ಇದೆ. 1991ರಲ್ಲಿ ಕುಟುಂಬ ಯೋಜನೆಯ ಹೆಸರಿನಲ್ಲಿ ಬಡ ಹೆಂಗಸರ ಮೈಮೇಲೆ ನಡೆದ ದಬ್ಬಾಳಿಕೆಯ ಬಗ್ಗೆ ‘ಸಮ್‌ಥಿಂಗ್ ಲೈಕ್ ಎ ವಾರ್’. ಆ ಚಿತ್ರದಲ್ಲಿ ಎರಡು ಲೋಕಗಳಿವೆ. ಒಂದು, ಸಂತಾನಶಕ್ತಿಹರಣದ ಶಿಬಿರ. ಒಬ್ಬಳಾದ ಮೇಲೊಬ್ಬಳನ್ನು ಮಲಗಿಸಿ ಸರಸರನೆ ಮುಗಿಸುವ ವೈದ್ಯರು, ಗುರಿ ಮುಟ್ಟುವ ಲೆಕ್ಕ. ಇನ್ನೊಂದು, ಹೆಂಗಸರು ಸುತ್ತ ಕೂತು ತಮ್ಮ ದೇಹದ ಬಗ್ಗೆ, ಬಸಿರಿನ ಬಗ್ಗೆ, ಆಸೆಯ ಬಗ್ಗೆ ಎಗ್ಗಿಲ್ಲದೆ ಮಾತಾಡುವ ಜಾಗ. ಎರಡು ಕಡೆಯಲ್ಲೂ ಕ್ಯಾಮೆರಾ ಹಿಡಿದವರು ಒಬ್ಬರೇ. ಶಿಬಿರದಲ್ಲಿ ಆ ಕಣ್ಣು ಮಿಟುಕದೆ ನೋಡುತ್ತದೆ. ಮಾತಿನ ಜಾಗದಲ್ಲಿ ಅದು ಕೂತವರಲ್ಲಿ ಒಬ್ಬರಂತಿದೆ. ಎಲ್ಲಿ ಕಠಿಣವಾಗಬೇಕು, ಎಲ್ಲಿ ಮೆತ್ತಗಾಗಬೇಕು ಎಂಬ ಈ ತಿಳಿವನ್ನು ಯಾವ ಫಿಲ್ಮ್ ಶಾಲೆಯೂ ಮೂರು ವರ್ಷದಲ್ಲಿ ಕಲಿಸಲಾರದು. ನನ್ನ ಲೆಕ್ಕದಲ್ಲಿ ಆ ಚಿತ್ರ ನವ್ರೋಜ್ ಅವರ ಅತಿ ದೊಡ್ಡ ಕೆಲಸ.

2011ರಲ್ಲಿ ತಮಿಳುನಾಡಿನ ಮುಸ್ಲಿಂ ಹೆಂಗಸರು ಕಟ್ಟಿಕೊಂಡ ತಮ್ಮದೇ ಜಮಾತಿನ ಬಗ್ಗೆ ‘ಇನ್ವೋಕಿಂಗ್ ಜಸ್ಟಿಸ್’ ಬಂತು. ಅದರ ಹಿಂದೆಯೇ ನವ್ರೋಜ್ ತಾವೇ ನಿರ್ದೇಶಿಸಿದ ‘ಝಾಡೂ ಕಥಾ’, ರಾಜಸ್ಥಾನದ ಪೊರಕೆಗಳ ಕುರಿತ ಚಿತ್ರ. ಪೊರಕೆ ಎಂದರೆ ಹುಲ್ಲು, ಅದನ್ನು ಕಟ್ಟುವ ಜಾತಿ, ಅದನ್ನು ಹಿಡಿಯುವ ಕೈ, ಆ ಕೈಗೆ ಊರು ಕೊಡುವ ಬೆಲೆ, ಎಲ್ಲವೂ ಹೌದು. ‘ದುವಿಧಾ’ದಿಂದ ಪೊರಕೆಯವರೆಗೆ ನಲವತ್ತು ವರ್ಷ. ಇದರ ನಡುವೆ ಸ್ಥಿರಚಿತ್ರಗಳು, ಜಾಸ್ ಸಂಗೀತದ ಹುಚ್ಚು, ಮೋಟಾರ್‌ ಬೈಕಿನ ಪ್ರೀತಿ, ಅದರ ಬಗ್ಗೆ ಬರವಣಿಗೆ. 2023ರ ಜೂನ್ ತಿಂಗಳಲ್ಲಿ ಹೊಸೂರಿನ ಬಳಿ ರಸ್ತೆ ಅಪಘಾತದಲ್ಲಿ ತೀರಿಕೊಂಡರು. ಎಂಬತ್ತರ ಆಸುಪಾಸಿನಲ್ಲೂ ಬೈಕ್ ಓಡಿಸುತ್ತಿದ್ದರು.

ಈಗ ಪಾಟೀಸವಾಲಿನ ಇನ್ನೊಂದು ಪ್ರಶ್ನೆ. ಅವರು ನಿನ್ನನ್ನು ನೋಡಿದರೆ?

ನಿರ್ದೇಶಕ ಆನಂದ ಪಟವರ್ಧನರ ‘ಹಮಾರಾ ಶಹರ್’ 1985ರದು. ಬೊಂಬಾಯಿಯ ಕೊಳೆಗೇರಿ, ಫುಟ್‌ಪಾತಿನ ಗುಡಿಸಲುಗಳನ್ನು ಕೆಡವುವ ಕಥೆ. ಕ್ಯಾಮೆರಾ ಹಿಡಿದವರಲ್ಲಿ ರಂಜನ್ ಪಾಲಿತ್ ಒಬ್ಬರು. ಅದರಲ್ಲಿ ಬೀದಿಪಾಲಾದ ಹೆಂಗಸೊಬ್ಬಳು ಚಿತ್ರ ತೆಗೆಯುವವರ ಮೇಲೆಯೇ ತಿರುಗಿ ಬೀಳುತ್ತಾಳೆ. ಬಡವರ ಚಿತ್ರ ತೆಗೆದು ನೀವು ಹೆಸರು ಮಾಡಿಕೊಳ್ಳುತ್ತೀರಿ, ನಮಗೇನು ಮಾಡುತ್ತೀರಿ ಎಂಬುದು ಅವಳ ಸಿಟ್ಟು. ಆ ದೃಶ್ಯವನ್ನು ಕತ್ತರಿಸಿ ಎಸೆಯಬಹುದಿತ್ತು. ಅವರು ಉಳಿಸಿಕೊಂಡರು. ರಂಜನ್ ಪಾಲಿತ್ ಮುಂದೆ ವಸುಧಾ ಜೋಶಿಯವರ ಜೊತೆ ‘ಇನ್ ಕ್ಯಾಮೆರಾ’ ಎಂಬ ಚಿತ್ರ ಮಾಡಿ, ತಾವು ವರ್ಷಾನುವರ್ಷ ತೆಗೆದದ್ದನ್ನೆಲ್ಲ ತಿರುಗಿ ನೋಡಿಕೊಂಡರು. ಸಾಕ್ಷಿ ತನ್ನನ್ನೇ ಕಟಕಟೆಯಲ್ಲಿ ನಿಲ್ಲಿಸಿಕೊಂಡ ಹಾಗೆ.

ನನ್ನದೂ ಒಂದು ಇದೆ, ಹೇಳಿಬಿಡುತ್ತೇನೆ. ಬರಗಾಲದ ಒಂದು ವರ್ಷ, ಬಯಲುಸೀಮೆಯ ಒಂದು ಹಳ್ಳಿ. ಹಿಂದಿನ ದಿನ ಮೊಮ್ಮಗನನ್ನು ಕಳೆದುಕೊಂಡ ಅಜ್ಜಿ ಕೊಳಗದ ನೀರಿನಲ್ಲಿ ಆ ಮಗುವಿನ ಅಂಗಿ ಒಗೆಯುತ್ತಿದ್ದಳು. ನಾನು ಜೀಪಿನ ಮರೆಯಲ್ಲಿ ನಿಂತು, ಉದ್ದನೆಯ ಜೂಮ್ ಲೆನ್ಸಿನಿಂದ ಅವಳ ಮುಖ ತುಂಬಿಸಿಕೊಂಡೆ. ಕೇಳಿರಲಿಲ್ಲ. ಹತ್ತಿರ ಹೋಗಿ ಕೇಳುವ ಧೈರ್ಯವಿರಲಿಲ್ಲ, ದೂರದಿಂದ ಕದಿಯುವ ಉಪಕರಣವಿತ್ತು. ಏನು ತಿಳಿಯಿತೋ, ಆಕೆ ತಟ್ಟನೆ ಇತ್ತ ನೋಡಿದಳು. ನೋಡಿ, ಒದ್ದೆ ಕೈಯಿಂದಲೇ ಸೆರಗು ಎಳೆದು ಮುಖ ಮುಚ್ಚಿಕೊಂಡಳು. ಸಂಕಲನಕಾರರಿಗೆ ಆ ಶಾಟ್ ಬಹಳ ಹಿಡಿಸಿತು. ಅದು ಚಿತ್ರದಲ್ಲಿ ಉಳಿಯಿತು, ಜನ ಹೊಗಳಿದರು. ತೆಗೆದುಬಿಡಿ ಎಂದು ನಾನು ಹೇಳಲಿಲ್ಲ. ಇವತ್ತಿಗೂ ಅದು ಆ ಚಿತ್ರದಲ್ಲಿದೆ.

ಇಂಥ ಋಣದ ಲೆಕ್ಕವನ್ನು ಒಂದು ಇಡೀ ಚಿತ್ರವಾಗಿ ಬರೆದವರು ಅಮೆರಿಕದ ಕರ್ಸ್ಟನ್ ಜಾನ್ಸನ್. ಪ್ಯಾರಿಸ್ಸಿನ ಫಿಲ್ಮ್ ಶಾಲೆಯಲ್ಲಿ ಕಲಿತು, ಇಪ್ಪತ್ತೈದು ವರ್ಷ ಬೇರೆಯವರ ಸಾಕ್ಷ್ಯಚಿತ್ರಗಳಿಗೆ ಕ್ಯಾಮೆರಾ ಹಿಡಿದವರು. ‘ಫ್ಯಾರನ್‌ಹೀಟ್ 9/11’, ‘ಸಿಟಿಜನ್‌ಫೋರ್’ ಚಿತ್ರಗಳ ಛಾಯಾಗ್ರಾಹಕರಲ್ಲಿ ಅವರೂ ಒಬ್ಬರು. 2016ರಲ್ಲಿ ಅವರು ಆ ಎಲ್ಲ ಚಿತ್ರಗಳಿಂದ ಉಳಿದ, ಬಿಟ್ಟ, ಕತ್ತರಿಸಿದ ತುಣುಕುಗಳನ್ನು ಜೋಡಿಸಿ ‘ಕ್ಯಾಮೆರಾಪರ್ಸನ್’ ಮಾಡಿದರು. ಅದನ್ನು ತಮ್ಮ ಆತ್ಮಕಥೆಯೆಂದು ನೋಡಿ ಎಂದು ಕೇಳಿಕೊಂಡಿದ್ದಾರೆ, ಆದರೆ ಬಹುಪಾಲು ಅದರಲ್ಲಿ ಅವರ ಮುಖವೇ ಇಲ್ಲ. ಇರುವುದು ಅವರ ಕೈ, ಉಸಿರು, ಸೀನು. ಲೆನ್ಸಿಗೆ ಅಡ್ಡ ಬಂದ ಹುಲ್ಲುಕಡ್ಡಿಯನ್ನು ಆ ಕೈ ಕಿತ್ತು ಆಚೆ ಹಾಕುತ್ತದೆ. ಮಿಂಚುವ ಆಕಾಶವನ್ನು ಹಿಡಿಯುತ್ತಿರುವಾಗ ಸೀನು ಬಂದು ಆಕಾಶವೇ ಅಲುಗುತ್ತದೆ.

ಬೋಸ್ನಿಯಾದ ಒಂದು ದೃಶ್ಯ ನನ್ನನ್ನು ಬಿಟ್ಟಿಲ್ಲ. ಯುದ್ಧಾನಂತರ ಹಳ್ಳಿಗೆ ಮರಳಿದ ಮುಸ್ಲಿಂ ಮನೆತನ, ಅಂಗಳದಲ್ಲಿ ಆಡುವ ಪುಟ್ಟ ಮಕ್ಕಳು. ಒಂದು ಮಗು ಕೊಡಲಿ ಎತ್ತಿಕೊಂಡು ಆಡತೊಡಗುತ್ತದೆ. ಕ್ಯಾಮೆರಾದ ಹಿಂದೆ ಜಾನ್ಸನ್ ಬೆಚ್ಚಿ ಉಸಿರೆಳೆದುಕೊಳ್ಳುವುದು ನಮಗೆ ಕೇಳಿಸುತ್ತದೆ. ಓಡಿಹೋಗಿ ಕಸಿದುಕೊಳ್ಳಬೇಕೆ, ನೋಡುತ್ತಾ ನಿಲ್ಲಬೇಕೆ? ಕ್ಯಾಮೆರಾ ನಿಂತೇ ಇರುತ್ತದೆ, ಉಸಿರು ಮಾತ್ರ ಓಡುತ್ತದೆ. ಮಗುವಿಗೆ ಏನೂ ಆಗುವುದಿಲ್ಲ. ಈ ಕಸುಬಿನ ಸಂಕಟವನ್ನು ಇದಕ್ಕಿಂತ ಚೆನ್ನಾಗಿ ತೋರಿಸಿದ್ದನ್ನು ನಾನು ಕಂಡಿಲ್ಲ. ಮರೆವಿನ ಕಾಯಿಲೆಗೆ ತುತ್ತಾದ ತಮ್ಮ ತಾಯಿಯನ್ನೂ ಅವರು ಆ ಚಿತ್ರದೊಳಗೆ ತಂದಿದ್ದಾರೆ. ಲೋಕದವರ ದುಃಖದ ಮೇಲೆ ಇಟ್ಟ ಕ್ಯಾಮೆರಾವನ್ನು ತಮ್ಮ ಮನೆಯ ಮೇಲೂ ಇಟ್ಟರು.

ಆಮೇಲೆ ಅವರು ಮಾಡಿದ ಇನ್ನೊಂದು ಕೆಲಸ ಮುಖ್ಯವಾದದ್ದು. ವರ್ಷಗಳ ನಂತರ ಆ ಬೋಸ್ನಿಯಾದ ಮನೆಗೆ ಮತ್ತೆ ಹೋದರು. ಆಗ ತೆಗೆದದ್ದನ್ನು ಆ ಮನೆಯವರಿಗೇ ತೋರಿಸಿದರು. ಅವರು ತಮ್ಮನ್ನು ತಾವು ಪರದೆಯ ಮೇಲೆ ನೋಡಿ ನಗುತ್ತಾರೆ.

ಈಗ ಅಂಗೈ ಅಗಲದ ಕ್ಯಾಮೆರಾ ಬಂದಿದೆ, ಉಗುರಿನಷ್ಟು ಕಾರ್ಡಿನಲ್ಲಿ ಗಂಟೆಗಟ್ಟಲೆ ತುಂಬುತ್ತದೆ. ಕಪ್ಪು ಚೀಲ ಹೋಯಿತು. ರಾತ್ರಿಯ ಮಂದ ಬೆಳಕಿನಲ್ಲೂ ಚಿತ್ರ ಬರುತ್ತದೆ, ಹೆಣ್ಣುಮಕ್ಕಳು ಹೆಚ್ಚು ಹೆಚ್ಚು ಈ ಕಸುಬಿಗೆ ಬರುತ್ತಿದ್ದಾರೆ. ಇದೆಲ್ಲ ಒಳ್ಳೆಯದೇ, ಹಳೆಯದೇ ಚೆಂದವಿತ್ತೆಂದು ನಾನು ಹೇಳುವುದಿಲ್ಲ. ಆದರೆ ಮೊಬೈಲ್ ಹಿಡಿದ ಪ್ರತಿಯೊಬ್ಬರೂ ಈಗ ಸಾಕ್ಷಿಗಳೇ. ಅಪಘಾತವಾದ ಕಡೆ ಮೊದಲು ಮೇಲೇಳುವುದು ಫೋನು ಹಿಡಿದ ಕೈ. ನವ್ರೋಜ್ ಅವರಂಥವರು ಬಾಳೆಲ್ಲ ತಮಗೆ ತಾವೇ ಹಾಕಿಕೊಂಡ ಪ್ರಶ್ನೆಗಳನ್ನು ಈಗ ನಾವೆಲ್ಲರೂ ಹಾಕಿಕೊಳ್ಳಬೇಕಾಗಿದೆ.

ಕೊನೆಯದಾಗಿ ಒಂದು ಬೇಡಿಕೆ. ಯುಗಾಂತರದ ಚಿತ್ರಗಳನ್ನು ಬರ್ಲಿನ್ನಿನ ಆರ್ಸೆನಲ್ ಎಂಬ ಸಂಸ್ಥೆ ಕೆಲವು ವರ್ಷಗಳ ಹಿಂದೆ ಜೀರ್ಣೋದ್ಧಾರ ಮಾಡಿ ಡಿಜಿಟಲ್ ರೂಪಕ್ಕೆ ತಂದಿದೆ. ಜರ್ಮನಿಯಲ್ಲಿ ಕೂತು ನೋಡಬಹುದಾದ ಆ ನಿಪ್ಪಾಣಿಯನ್ನು ನಮ್ಮ ನಿಪ್ಪಾಣಿಯಲ್ಲೂ ನೋಡುವಂತಾಗಬೇಕು. ನಿಪ್ಪಾಣಿ, ಚಿಕ್ಕೋಡಿ, ಬೆಳಗಾವಿಯ ಕಾಲೇಜಿನ ಮೇಷ್ಟರುಗಳೇ, ಕಾರ್ಮಿಕ ಸಂಘದವರೇ, ಮಹಿಳಾ ಮಂಡಳಿಯ ತಾಯಂದಿರೇ, ‘ತಂಬಾಕು ಚಾಕೀಲಾ ಊಬ್ ಆಲಿ’ಯನ್ನು ತರಿಸಿ ಒಂದು ಸಂಜೆ ಊರಿನಲ್ಲೇ ತೋರಿಸಿ. ಆ ಕಾಲದಲ್ಲಿ ವಖಾರಿಯಲ್ಲಿ ದುಡಿದ ಹೆಂಗಸರು ಈಗ ಮುದುಕಿಯರಾಗಿರುತ್ತಾರೆ. ಮನೆಮನೆಗೆ ಹೋಗಿ ಅವರನ್ನು ಕರೆತನ್ನಿ, ಮುಂದಿನ ಸಾಲಿನಲ್ಲಿ ಕೂರಿಸಿ.